ನೋಡೋಣ ಅಂದ ಏಳು ತಿಂಗಳು

ಕಳೆದ ವರ್ಷ ಗಣೇಶನ ಹಬ್ಬದ ಮರುದಿನ ನನ್ನ ವಾಟ್ಸಾಪಿಗೆ ಒಂದು ಪಿಡಿಎಫ್ ಬಂತು. ಕಳಿಸಿದವಳು ನನ್ನ ಮಗಳ ಅಮ್ಮ. ಹೆಂಡತಿ ಅಂತ ಬರೀಬೇಕೋ ಬೇಡವೋ ಗೊತ್ತಾಗ್ತಿಲ್ಲ. ಕಾನೂನಿನ ಲೆಕ್ಕದಲ್ಲಿ ಇನ್ನೂ ಹೌದು, ಆದರೆ ಎರಡು ವರ್ಷದಿಂದ ಬೇರೆ ಬೇರೆ ಮನೆ. ಪಿಡಿಎಫ್ ತೆಗೆದೆ. ಪಾಸ್‌ಪೋರ್ಟ್ ಅರ್ಜಿಯ ಜೊತೆ ಕೊಡೋ ಅನೆಕ್ಶರ್ ಡಿ. ನಮ್ಮ ಮಗುವಿಗೆ ಪಾಸ್‌ಪೋರ್ಟ್ ಕೊಡೋದಕ್ಕೆ ನಮ್ಮ ಒಪ್ಪಿಗೆ ಇದೆ ಅಂತ ಅಪ್ಪ ಅಮ್ಮ ಬರೆದುಕೊಡೋ ಒಂದು ಪುಟದ ಕಾಗದ. ಕೆಳಗೆ ಅವಳ ಸಹಿ ಆಗಲೇ ಬಿದ್ದಿತ್ತು. ಪಕ್ಕದಲ್ಲಿ ನನ್ನ ಸಹಿಗೆ ಜಾಗ ಖಾಲಿ.

ಜೊತೆಗೆ ಎರಡು ಸಾಲು. ‘ಏಪ್ರಿಲ್, ಮೇ ಎರಡು ತಿಂಗಳು ಆಫೀಸಿಂದ ನೆದರ್‌ಲೆಂಡ್ಸ್‌ಗೆ ಕಳಿಸ್ತಿದ್ದಾರೆ. ಪುಟ್ಟಿಗೂ ರಜೆ, ಕರ್ಕೊಂಡು ಹೋಗೋಣ ಅಂತಿದೀನಿ.’

ನಾನು ಟೈಪ್ ಮಾಡಿದ್ದು ಒಂದೇ ಪದ. ‘ನೋಡೋಣ.’

ಆ ‘ನೋಡೋಣ’ ಏಳು ತಿಂಗಳು ನಡೀತು.

ತಿಪಟೂರಿನ ಕಡೆಯ ಹಳ್ಳಿಯಲ್ಲಿ ಬೆಳೆದವನು ನಾನು. ನಮ್ಮಲ್ಲಿ ‘ನೋಡೋಣ’ ಅನ್ನೋದಕ್ಕೆ ನೋಡೋದಕ್ಕೆ ಸಂಬಂಧಪಟ್ಟ ಅರ್ಥ ಇಲ್ಲ. ಸಾಲ ಕೇಳೋಕೆ ಬಂದವನಿಗೆ ನೋಡೋಣ ಅಂತಾರೆ. ಹೆಣ್ಣು ನೋಡಿಕೊಂಡು ಬಂದು, ಒಪ್ಪಿಗೆ ಆಗದೇ ಇದ್ದರೆ ನಡುವೆ ನಿಂತವರಿಗೆ ನೋಡೋಣ ಅಂತ ಹೇಳಿ ಕಳಿಸ್ತಾರೆ. ಕೇಳಿದವನಿಗೆ ಅರ್ಥ ಆಗಿರುತ್ತೆ, ಹೇಳಿದವನಿಗೆ ಹೇಳಿದ ಪಾಪ ತಟ್ಟೋದಿಲ್ಲ. ಇಲ್ಲ ಅಂದಿಲ್ಲವಲ್ಲ! ಎಷ್ಟು ಅನುಕೂಲದ ಮಾತು ನೋಡಿ.

ಆ ಕಾಗದದ ಬಗ್ಗೆ ಸ್ವಲ್ಪ ಹೇಳ್ತೀನಿ, ಯಾಕಂದ್ರೆ ಇದು ಬಹಳ ಜನಕ್ಕೆ ಬೇಕಾಗೋ ಹೊತ್ತಿಗೇ ಗೊತ್ತಾಗೋದು. 2016ರ ಡಿಸೆಂಬರ್‌ನಲ್ಲಿ ಪಾಸ್‌ಪೋರ್ಟ್ ನಿಯಮ ಸಾಕಷ್ಟು ಸಡಿಲ ಆದವು. 15 ಇದ್ದ ಅನೆಕ್ಶರ್‌ಗಳು 9 ಆದವು. ನೋಟರಿ ಬೇಡ, ಬಿಳಿ ಹಾಳೆ ಮೇಲೆ ಸ್ವಂತ ಘೋಷಣೆ ಬರೆದುಕೊಟ್ಟರೆ ಸಾಕು ಅಂತಾಯ್ತು. ಅರ್ಜಿಯಲ್ಲಿ ಅಪ್ಪ ಅಮ್ಮ ಇಬ್ಬರ ಹೆಸರೂ ಇರಲೇಬೇಕು ಅನ್ನೋದು ಹೋಯ್ತು. ಇಬ್ಬರೂ ಒಪ್ಪಿದರೆ ಅನೆಕ್ಶರ್ ಡಿ. ಒಬ್ಬರು ಒಪ್ಪದೇ ಇದ್ದರೆ, ಅಥವಾ ಒಪ್ಪಿಗೆ ಕೇಳೋಕೆ ಸಿಗದೇ ಇದ್ದರೆ, ಅನೆಕ್ಶರ್ ಸಿ ಅಂತ ಇನ್ನೊಂದಿದೆ. ಮಗು ನನ್ನ ಹತ್ರ ಇದೆ, ಇನ್ನೊಬ್ಬರ ಒಪ್ಪಿಗೆ ಇಂಥ ಕಾರಣಕ್ಕೆ ಇಲ್ಲ, ಜವಾಬ್ದಾರಿ ನನ್ನದು ಅಂತ ಒಬ್ಬರೇ ಬರೆದುಕೊಡೋದು. ಅಂದರೆ ಸರ್ಕಾರ ನನ್ನಂಥವನನ್ನ ಮೊದಲೇ ಊಹಿಸಿ ಅವನಿಗೊಂದು ಫಾರ್ಮು ಮಾಡಿಟ್ಟಿದೆ.

ಅವಳು ಆ ‘ಸಿ’ ಕೊಡಬಹುದಿತ್ತು. ಕೊಡಲಿಲ್ಲ. ಮಗಳ ಕಸ್ಟಡಿ ಅರ್ಜಿ ಫ್ಯಾಮಿಲಿ ಕೋರ್ಟಿನಲ್ಲಿ ನಡೀತಾ ಇತ್ತು, ಹಾಕಿದ್ದು ನಾನೇ. ಕೇಸು ಇರುವಾಗ ಅದನ್ನ ಮುಚ್ಚಿಟ್ಟು ಅರ್ಜಿ ಹಾಕೋದು ತಪ್ಪು. ಪಾಸ್‌ಪೋರ್ಟಿಗೆ ಸುಳ್ಳು ಮಾಹಿತಿ ಕೊಡೋದು 1967ರ ಕಾಯಿದೆಯಲ್ಲಿ ಅಪರಾಧವೇ. ಹೇಳಿ ಹಾಕಿದರೆ ಕೋರ್ಟಿನ ಅನುಮತಿ ತನ್ನಿ ಅನ್ನೋ ಮಾತು ಬರುತ್ತೆ. ಹಾಗಾಗಿ ಅವಳು ಕಾದಳು. ನನ್ನ ಸಹಿಗೆ. ನನಗೆ ಅವಳು ಕಾಯ್ತಿದ್ದಾಳೆ ಅನ್ನೋದು ಗೊತ್ತಿತ್ತು, ಮತ್ತು ನಿಜ ಹೇಳಬೇಕು ಅಂದ್ರೆ, ಎರಡು ವರ್ಷದಲ್ಲಿ ಮೊದಲ ಸಲ ಅವಳು ನನ್ನಿಂದ ಏನನ್ನೋ ಕಾಯ್ತಿದ್ದಳು. ಆ ಸುಖ ನನಗೆ ಬೇಕಾಗಿತ್ತು.

ಇಷ್ಟೇ ಆಗಿದ್ದರೆ ನಾನೊಬ್ಬ ಕೆಟ್ಟವನು ಅಂತ ಬರೆದು ಮುಗಿಸಬಹುದಿತ್ತು. ಆದರೆ ಭಯವೂ ಇತ್ತು. ಅದು ಸುಳ್ಳು ಭಯ ಅಲ್ಲ.

ಮಗುವನ್ನ ಒಂದು ದೇಶದಿಂದ ಇನ್ನೊಂದು ದೇಶಕ್ಕೆ ಒಬ್ಬರೇ ಕರ್ಕೊಂಡು ಹೋಗಿ ಅಲ್ಲೇ ಉಳಿಸಿಕೊಂಡರೆ ಏನು ಮಾಡಬೇಕು ಅಂತ ಹೇಗ್‌ನಲ್ಲಿ 1980ರಲ್ಲಿ ಒಂದು ಅಂತರರಾಷ್ಟ್ರೀಯ ಒಪ್ಪಂದ ಆಯ್ತು. 16 ವರ್ಷದೊಳಗಿನ ಮಗುವನ್ನ ಅದು ಮೊದಲು ಇದ್ದ ದೇಶಕ್ಕೆ ಬೇಗ ವಾಪಸ್ ಕಳಿಸಬೇಕು, ಯಾರ ಹತ್ರ ಇರಬೇಕು ಅನ್ನೋ ಜಗಳ ಅಲ್ಲಿನ ಕೋರ್ಟಿನಲ್ಲಿ ತೀರ್ಮಾನ ಆಗಲಿ ಅನ್ನೋದು ಅದರ ತಿರುಳು. ನೆದರ್‌ಲೆಂಡ್ಸ್ ಅದರಲ್ಲಿದೆ. ಭಾರತ ಇಲ್ಲ. ಸೇರಬೇಕು ಅಂತ ಲಾ ಕಮಿಷನ್ 2009ರಲ್ಲಿ ತನ್ನ 218ನೇ ವರದಿಯಲ್ಲಿ ಹೇಳಿತು. 2016ರಲ್ಲಿ 263ನೇ ವರದಿಯಲ್ಲಿ ಒಂದು ಮಸೂದೆಯ ಕರಡನ್ನೇ ಕೊಟ್ಟಿತು. ಸೇರಲಿಲ್ಲ. ಸೇರಬಾರದು ಅನ್ನೋರ ಕಾರಣವೂ ಹಗುರದ್ದಲ್ಲ. ಹೊರದೇಶದಲ್ಲಿ ಹೊಡೆಯೋ ಗಂಡನಿಂದ ತಪ್ಪಿಸಿಕೊಂಡು ಮಗುವನ್ನ ಎತ್ತಿಕೊಂಡು ತವರಿಗೆ ಬಂದ ಹೆಣ್ಣುಮಕ್ಕಳನ್ನ ಮತ್ತೆ ಅಲ್ಲಿಗೇ ತಳ್ಳಿದ ಹಾಗಾಗುತ್ತೆ ಅಂತ.

ರಾತ್ರಿ ಎರಡು ಗಂಟೆಗೆ ಕೂತು ಇದನ್ನೆಲ್ಲ ಓದಿದೆ. ಓದಿದ್ದು ನನಗೆ ಬೇಕಾದ ಅರ್ಥದಲ್ಲೇ. ಅವಳು ಅಲ್ಲೇ ಉಳಿದುಬಿಟ್ಟರೆ ಆ ಒಪ್ಪಂದ ನನಗೆ ಉಪಯೋಗಕ್ಕೆ ಬರಲ್ಲ. ವೀಸಾ, ವಕೀಲರು, ಯೂರೋ ಲೆಕ್ಕದ ಫೀಸು. ತಿಂಗಳಿಗೆ ನಾಲ್ಕು ಶನಿವಾರ ಸಿಗೋ ಮಗಳು ವರ್ಷಕ್ಕೊಂದು ಸಲ ಸ್ಕ್ರೀನ್ ಮೇಲೆ ‘ಹಾಯ್ ಅಪ್ಪಾ’ ಅನ್ನೋ ಹಾಗಾದರೆ? ಹೀಗೆಲ್ಲ ಯೋಚನೆ ಬಂದು ಎದೆ ಹಿಡ್ಕೊಂಡ ಹಾಗಾಗ್ತಿತ್ತು.

ಆದರೆ ಒಂದು ವಿಷಯ ಕಣ್ಣೆದುರಿಗೇ ಇತ್ತು, ನೋಡೋಕೆ ಇಷ್ಟ ಇರಲಿಲ್ಲ. ಪಾಸ್‌ಪೋರ್ಟ್ ಅಂದರೆ ಪ್ರಯಾಣ ಅಲ್ಲ. ಪಾಸ್‌ಪೋರ್ಟ್ ಬಂದ ಮೇಲೂ ಷೆಂಗೆನ್ ವೀಸಾ ಆಗಬೇಕು, ಚಿಕ್ಕ ಮಕ್ಕಳ ವೀಸಾಕ್ಕೆ ಜೊತೆಗೆ ಹೋಗದೇ ಇರೋ ಅಪ್ಪನ ಅಥವಾ ಅಮ್ಮನ ಒಪ್ಪಿಗೆ ಮತ್ತೆ ಕೇಳ್ತಾರೆ. ಅದರ ಮೇಲೆ ಕೋರ್ಟಿದೆ. ಮಗುವನ್ನ ದೇಶ ಬಿಟ್ಟು ಕರೆದುಕೊಂಡು ಹೋಗಬಾರದು ಅಂತ, ಇಲ್ಲವೇ ಪಾಸ್‌ಪೋರ್ಟನ್ನ ಕೋರ್ಟಿಗೆ ಒಪ್ಪಿಸಿ ಅಂತ ಆದೇಶ ಕೇಳಬಹುದು. ದೇಶ ಬಿಡಬಾರದು ಅಂತ ಕೋರ್ಟಿನ ಆದೇಶ ಇದ್ದರೆ ಪಾಸ್‌ಪೋರ್ಟನ್ನೇ ತಡೆಹಿಡಿಯೋ ಅಧಿಕಾರ ಪಾಸ್‌ಪೋರ್ಟ್ ಕಾಯಿದೆಯ 10ನೇ ಕಲಮಿನಲ್ಲಿದೆ. ಅಂದರೆ ನನ್ನ ಭಯ ಹೇಳಿಕೊಳ್ಳೋಕೆ ಮೂರು ನಾಲ್ಕು ಬಾಗಿಲಿದ್ದವು. ನಾನು ಆರಿಸಿಕೊಂಡಿದ್ದು ಎಲ್ಲಕ್ಕಿಂತ ಮೊದಲನೆಯ ಬಾಗಿಲು, ಯಾಕಂದ್ರೆ ಅಲ್ಲಿ ಮಾತಾಡೋದೇ ಬೇಕಿರಲಿಲ್ಲ. ಸುಮ್ಮನಿದ್ದರೆ ಸಾಕಾಗಿತ್ತು. ಮಂಗ ಬರುತ್ತೆ ಅಂತ ಬಾಳೆಕಂದೇ ನೆಡದೆ ಇರೋ ಹಾಗೆ.

ನಮ್ಮ ಟೀಮಿನಲ್ಲಿ ಯಾವ ಕೋಡ್ ಒಳಗೆ ಹೋಗಬೇಕಾದರೂ ಇಬ್ಬರ ಅಪ್ರೂವಲ್ ಬೇಕು. ಬೇಡ ಅನ್ನೋನು ಯಾವ ಸಾಲಿನಲ್ಲಿ ಏನು ತೊಂದರೆ ಅಂತ ಬರೀಬೇಕು. ಬರೀದೆ ಸುಮ್ಮನೆ ಕೂತರೆ ಎರಡನೇ ದಿನಕ್ಕೆ ಮ್ಯಾನೇಜರ್ ಕೇಳ್ತಾರೆ. ಯಾವುದೋ ಕಂಪನಿಯ ಲಾಗಿನ್ ಬಟನ್ ಎಡಕ್ಕಿರಬೇಕೋ ಬಲಕ್ಕಿರಬೇಕೋ ಅನ್ನೋದಕ್ಕೆ ನಾನು ಅರ್ಧ ಪುಟ ಕಾರಣ ಬರೆದಿದ್ದೀನಿ. ಮಗಳ ವಿಷಯಕ್ಕೆ ಒಂದು ಪದ ಬರೆದು ಏಳು ತಿಂಗಳು ಕೂತೆ.

ಅಮ್ಮನಿಗೆ ಫೋನಿನಲ್ಲಿ ಹೇಳಿದೆ. ಬೈತಾಳೆ ಅಂದ್ಕೊಂಡಿದ್ದೆ. ಬೈಯ್ಯಲಿಲ್ಲ. ‘ಹಾಕ್‌ಬ್ಯಾಡ ಕಣಪ್ಪ ಸೈನು. ಅಷ್ಟು ದೂರ ಹೋದ್ರೆ ಮಗೀನ್ ಮಕ ನಾನು ನೋಡ್ತೀನಾ? ಬಿಗಿಯಾಗಿ ಹಿಡ್ಕೊ. ನಿಮ್ ಚಿಕ್ಕಪ್ಪ ಹಂಗೇ ಹಿಡ್ಕೊಂಡಿದ್ದಕ್ಕೇ ತಾನೆ ಕಾಲುವೆ ಪಕ್ಕದ ತೆಂಗಿನ ಸಾಲು ಅವನಿಗೆ ಬಂದಿದ್ದು’ ಅಂದಳು.

ಅವಳು ಹೇಳಿದ್ದು ನನಗೆ ಧೈರ್ಯ ಬರಲಿ ಅಂತ. ನನಗೆ ಬಂದಿದ್ದು ಬೇರೆ.

ಚಿಕ್ಕಪ್ಪನ ಕತೆ ಹೇಳಲೇಬೇಕು. ತಾತನಿಗೆ ಮೂರು ಜನ ಗಂಡುಮಕ್ಕಳು. ನಾನು ಐದನೇ ಕ್ಲಾಸಿನಲ್ಲಿದ್ದಾಗ ಭಾಗ ಆಗಬೇಕು ಅಂತ ಮಾತು ಬಂತು. ಊರಿನ ನಾಲ್ಕು ಜನ ಹಿರಿಯರು ಜಗಲಿ ಮೇಲೆ ಕೂತರು, ಪಾಲುಪಟ್ಟಿ ಬರೆಸಿದರು. ದೊಡ್ಡಪ್ಪ ಸಹಿ ಹಾಕಿದರು, ನಮ್ಮಪ್ಪ ಹಾಕಿದರು. ಚಿಕ್ಕಪ್ಪ ಪೆನ್ನು ಕೈಗೆ ತಗೊಂಡು, ‘ನೋಡೋಣ, ಏನವಸರ’ ಅಂತ ಎದ್ದು ಹೋದರು. ಒಪ್ಪಲ್ಲ ಅಂತ ಒಂದು ದಿನವೂ ಹೇಳಲಿಲ್ಲ. ಏನು ಬೇಕು ಅಂತಲೂ ಹೇಳಲಿಲ್ಲ. ಹಬ್ಬಕ್ಕೆ ಬರ್ತಿದ್ರು, ಒಬ್ಬಟ್ಟು ತಿಂತಿದ್ರು, ನಮ್ಮನ್ನ ಸೈಕಲ್ ಮೇಲೆ ಕೂರಿಸಿಕೊಂಡು ಸಂತೆಗೆ ಕರ್ಕೊಂಡು ಹೋಗ್ತಿದ್ರು. ಸಹಿ ಮಾತ್ರ ಇಲ್ಲ. ಎಂಟು ವರ್ಷ.

ಆ ಎಂಟು ವರ್ಷದಲ್ಲಿ ಏನಾಯ್ತು ಅಂದ್ರೆ ಪಹಣಿ ಜಂಟಿಯಾಗೇ ಉಳೀತು. ಬ್ಯಾಂಕಿನವರು ಮೂವರ ಸಹಿ ಇಲ್ಲದೆ ಸಾಲ ಕೊಡಲ್ಲ ಅಂದರು. ಬಾವಿಯ ಮೋಟಾರು ಸುಟ್ಟುಹೋಯ್ತು. ಯಾರ ಪಾಲಿಗೆ ಬಾವಿ ಹೋಗುತ್ತೋ ಗೊತ್ತಿಲ್ಲದೆ ಇರೋವಾಗ ಯಾರು ದುಡ್ಡು ಹಾಕಿ ಕಾಯಿಲ್ ಕಟ್ಟಿಸ್ತಾರೆ? ಒಬ್ಬರ ಮುಖ ಒಬ್ಬರು ನೋಡ್ಕೊಂಡು ಒಂದು ಬೇಸಿಗೆ ಕಳೀತು, ಇನ್ನೊಂದು ಬೇಸಿಗೆ ಕಳೀತು. ತಾತ ಸಂಜೆ ಹೊತ್ತು ಸಾಲಿನ ಮಧ್ಯೆ ನಡೆದು ಹೋಗಿ ಪ್ರತಿ ಮರದ ಸುಳಿ ತಲೆ ಎತ್ತಿ ನೋಡಿಕೊಂಡು ಬರ್ತಿದ್ರು. ಏನೂ ಮಾತಾಡ್ತಿರಲಿಲ್ಲ. ಪಾಲಾಗೋದನ್ನ ನೋಡದೆ ಹೋದರು. ಕೊನೆಗೆ ಕಾಲುವೆ ಪಕ್ಕದ ಸಾಲು ಚಿಕ್ಕಪ್ಪನಿಗೇ ಆಗಲಿ ಅಂತ ಅಪ್ಪ ಬೇಸತ್ತು ಬಿಟ್ಟುಕೊಟ್ಟರು. ಅಮ್ಮ ಹೇಳಿದ ಗೆಲುವು ಇದು. ಆದರೆ ಬರೋ ಹೊತ್ತಿಗೆ ಆ ಸಾಲಿನಲ್ಲಿ ಅರ್ಧಕ್ಕರ್ಧ ಮರದ ಸುಳಿ ಒಣಗಿತ್ತು. ಬೋಳು ಮರಗಳನ್ನ ಕಡಿಸಿ ತೊಲೆಗೆ ಮಾರಿದರು.

ಚಿಕ್ಕಪ್ಪ ಕೆಟ್ಟವರಲ್ಲ. ಮೂವರಲ್ಲಿ ಚಿಕ್ಕವರು, ಓದಿಲ್ಲ, ಅಣ್ಣಂದಿರು ಕೂತು ತೀರ್ಮಾನ ಮಾಡಿ ಕರೆದು ಸಹಿ ಹಾಕು ಅಂದಿದ್ದು ಅವರಿಗೆ ಅವಮಾನ ಆಗಿತ್ತು. ಅವರ ಕೈಯಲ್ಲಿ ಬೇರೆ ಏನೂ ಇರಲಿಲ್ಲ, ಹಾಕದೇ ಇರೋ ಸಹಿ ಒಂದು ಬಿಟ್ಟು. ಬೇರೆ ಯಾವ ಬಲವೂ ಇಲ್ಲದವನಿಗೆ ಅದೇ ಬಲ. ಇದು ನನಗೆ ಚಿಕ್ಕಂದಿನಲ್ಲಿ ಅರ್ಥ ಆಗಿರಲಿಲ್ಲ, ಈಗ ಚೆನ್ನಾಗೇ ಆಗುತ್ತೆ. ಅರ್ಥ ಆಗೋದಕ್ಕೂ ಮರ ಒಣಗೋದಕ್ಕೂ ಸಂಬಂಧ ಇಲ್ಲ ಅಷ್ಟೇ.

ಮತ್ತೆ ಒಂದು ವ್ಯತ್ಯಾಸ. ಜಮೀನು ಕಾಯುತ್ತೆ. ಮಗು ಕಾಯಲ್ಲ. ಚಿಕ್ಕ ಮಕ್ಕಳ ಪಾಸ್‌ಪೋರ್ಟಿಗೆ ಐದೇ ವರ್ಷ ಅವಧಿ, ದೊಡ್ಡವರ ಹಾಗೆ ಹತ್ತು ವರ್ಷ ಅಲ್ಲ. ಅಷ್ಟರಲ್ಲಿ ಮುಖವೇ ಬದಲಾಗಿಬಿಡುತ್ತೆ ಅಂತ ಇರಬೇಕು. ನನ್ನ ಏಳು ತಿಂಗಳಲ್ಲಿ ಪುಟ್ಟಿಗೆ ಮುಂದಿನ ಎರಡು ಹಲ್ಲು ಬಿದ್ದು, ಒಂದು ಅರ್ಧ ಬಂದಿತ್ತು.

ಇಲ್ಲಿ ಒಂದು ಪ್ರಶ್ನೆ ಕೇಳಬಹುದು. ಅಪ್ಪನ ಒಪ್ಪಿಗೆ ಬೇಕು ಅಂತ ನಿಯಮ ಇರೋದೇ ಅವನು ಒಪ್ಪದೇ ಇರಬಹುದು ಅಂತ ತಾನೆ? ಒಪ್ಪಲೇಬೇಕು ಅನ್ನೋದಾದರೆ ಕೇಳೋದು ಯಾಕೆ? ನನ್ನ ಗೆಳೆಯನೊಬ್ಬ ಇದನ್ನೇ ವಾದ ಮಾಡಿದ. ‘ನಿನ್ನ ಹಕ್ಕು, ನೀನು ಯಾರಿಗೂ ಕಾರಣ ಕೊಡಬೇಕಿಲ್ಲ.’ ನನಗೂ ಕೆಲವು ದಿನ ಅದು ಸರಿ ಅನ್ನಿಸಿತು.

ಆಗ ನೆನಪಾಗಿದ್ದು ಡಲ್ಲಾಸ್‌ನಲ್ಲಿದ್ದ ಒಬ್ಬ ಸಹೋದ್ಯೋಗಿ, ದಾವಣಗೆರೆಯವರು. ಅವರ ಮಗ ಅಲ್ಲೇ ಹುಟ್ಟಿದವನು, ಅಮೆರಿಕದ ಪಾಸ್‌ಪೋರ್ಟು. ಅಲ್ಲಿ 16 ವರ್ಷದೊಳಗಿನ ಮಕ್ಕಳಿಗೆ ಅಪ್ಪ ಅಮ್ಮ ಇಬ್ಬರೂ ಬರಬೇಕು, ಬರದೇ ಇರೋರು ನೋಟರಿ ಮಾಡಿಸಿದ ಒಪ್ಪಿಗೆ ಪತ್ರ ಕೊಡಬೇಕು. ಮಗನ ಪಾಸ್‌ಪೋರ್ಟ್ ಅವಧಿ ಮುಗಿದಿತ್ತು. ಬೇರೆಯಾಗಿದ್ದ ಗಂಡ ಇಲ್ಲ ಅನ್ನಲಿಲ್ಲ, ನೋಟರಿ ಹತ್ರ ಹೋಗಲೂ ಇಲ್ಲ. ದಾವಣಗೆರೆಯಲ್ಲಿ ಅಪ್ಪ ಐಸಿಯುನಲ್ಲಿದ್ದರು. ಮಗನನ್ನ ಬಿಟ್ಟು ಬರೋಕೆ ಅಲ್ಲಿ ಯಾರೂ ಇಲ್ಲ. ಅಪ್ಪನ ಮಣ್ಣನ್ನ ಅವರು ವಿಡಿಯೋ ಕಾಲ್‌ನಲ್ಲಿ ನೋಡಿದರು. ಮರುದಿನ ಟೀಮ್ ಮೀಟಿಂಗಿಗೆ ಕ್ಯಾಮೆರಾ ಆಫ್ ಮಾಡಿ ಬಂದಿದ್ದರು. ಆಗ ನಾನು, ‘ಎಂಥಾ ಗಂಡಸು ಅವನು, ಒಂದು ಸಹಿಗೆ’ ಅಂತ ಕ್ಯಾಂಟೀನಿನಲ್ಲಿ ಬೈದಿದ್ದೆ. ಕೆಲವು ಸಲ ನಮ್ಮ ಮಾತು ನಮ್ಮ ಕಿವಿಗೇ ಬಹಳ ತಡವಾಗಿ ಬೀಳುತ್ತೆ.

ಆ ಗಂಡನಿಗೂ ಒಂದು ಭಯ ಇದ್ದಿರಬಹುದು. ಅವಳು ವಾಪಸ್ ಬರದೇ ಇದ್ದರೆ ಅಂತ. ಭಾರತ ಆ ಒಪ್ಪಂದದಲ್ಲಿ ಇಲ್ಲ ಅನ್ನೋದು ಅವನಿಗೂ ಗೊತ್ತಿರಬಹುದು. ನನ್ನದೇ ಭಯ, ದಿಕ್ಕು ಮಾತ್ರ ಉಲ್ಟಾ. ಹಾಗಾದರೆ ನಾನು ಅವನಿಗಿಂತ ಹೇಗೆ ಬೇರೆ? ಬಹಳ ಹುಡುಕಿದೆ. ನನ್ನ ಮಾವ ಐಸಿಯುನಲ್ಲಿ ಇಲ್ಲ ಅನ್ನೋದು ಬಿಟ್ಟು ಬೇರೆ ಏನೂ ಸಿಗಲಿಲ್ಲ.

ಅಪ್ಪನ ಸಹಿಗೆ ನಮ್ಮಲ್ಲಿ ಹಳೇ ತೂಕ ಇದೆ. 1956ರ ಹಿಂದೂ ಅಪ್ರಾಪ್ತ ವಯಸ್ಕರ ಪೋಷಕತ್ವದ ಕಾಯಿದೆ ಮಗುವಿನ ಸಹಜ ಪೋಷಕ ಅಪ್ಪ, ಅವನ ನಂತರ ಅಮ್ಮ ಅಂತ ಬರೆಯಿತು. ಕಾದಂಬರಿಕಾರ್ತಿ ಗೀತಾ ಹರಿಹರನ್ ಮಗನ ಹೆಸರಲ್ಲಿ ರಿಸರ್ವ್ ಬ್ಯಾಂಕಿನ ಬಾಂಡ್ ತಗೊಳ್ಳೋಕೆ ಪೋಷಕಿಯಾಗಿ ತಾವೇ ಸಹಿ ಹಾಕಿದರು. ಗಂಡನೂ ಒಪ್ಪಿದ್ದರು. ಆದರೂ ಅಪ್ಪನ ಸಹಿ ಬೇಕು ಅಂತ ಅರ್ಜಿ ವಾಪಸ್ ಬಂತು. 1999ರಲ್ಲಿ ಸುಪ್ರೀಂ ಕೋರ್ಟು ‘ನಂತರ’ ಅಂದ್ರೆ ಅಪ್ಪ ಸತ್ತ ಮೇಲೆ ಅಂತ ಅಲ್ಲ, ಅಪ್ಪ ಆ ಕೆಲಸಕ್ಕೆ ಇಲ್ಲದಿರುವಾಗ ಅಂತ ಓದಬೇಕು ಅಂದಿತು. ಗೈರುಹಾಜರಿ ಅಂದರೆ ದೂರದ ಊರಲ್ಲಿರೋದು ಮಾತ್ರ ಅಲ್ಲ, ಮಗುವಿನ ವಿಷಯದಲ್ಲಿ ಪೂರ್ತಿ ಉದಾಸೀನ ಮಾಡಿದರೂ ಗೈರುಹಾಜರಿಯೇ ಅನ್ನೋದು ಆ ತೀರ್ಪಿನಲ್ಲಿದೆ. ನಾನು ಬೆಂಗಳೂರಿನಲ್ಲೇ ಇದ್ದೆ, ಮಗಳ ಮನೆಯಿಂದ ಆರು ಕಿಲೋಮೀಟರ್. ಪ್ರತಿ ಶನಿವಾರ ಹಾಜರಿ. ಆ ಖಾಲಿ ಜಾಗದಲ್ಲಿ ಮಾತ್ರ ಇರಲಿಲ್ಲ.

ನನಗೆ ಬೇಡ ಅನ್ನೋ ಹಕ್ಕು ಇತ್ತು. ಈಗಲೂ ಇದೆ ಅಂತಲೇ ನಂಬಿದ್ದೀನಿ. ಅವಳಿಗೆ ಅಪ್ಪ ಬೇಕು, ಅಜ್ಜಿ ಬೇಕು, ತಿಪಟೂರಿನ ಧೂಳೂ ಒಂದಿಷ್ಟು ಬೇಕು ಅಂತ ಹೇಳೋಕೆ ನಾನಲ್ಲದೆ ಇನ್ಯಾರಿದ್ದಾರೆ. ಆದರೆ ಆ ಸಹಿಯನ್ನ ನನ್ನಿಂದ ಕೇಳಿದ್ದು ಅವಳ ಪರವಾಗಿ. ಆರು ವರ್ಷದವಳು ತನಗೇನು ಬೇಕು ಅಂತ ಹೇಳೋ ವಯಸ್ಸಲ್ಲ ಅಂತ ಇಬ್ಬರು ದೊಡ್ಡವರನ್ನ ಕೇಳ್ತಾರೆ. ಅವಳ ಪರವಾಗಿ ಬೇಡ ಅನ್ನೋನು ಯಾಕೆ ಬೇಡ ಅಂತ ಯಾರಿಗಾದರೂ ಹೇಳಬೇಕಲ್ಲ. ಅವಳ ಅಮ್ಮನಿಗೆ, ಇಲ್ಲ ಜಡ್ಜಿಗೆ, ಒಂದು ದಿನ ಅವಳಿಗೇ. ಕಾರಣ ಹೇಳಿದರೆ ಅದಕ್ಕೆ ಎದುರು ಮಾತು ಬರುತ್ತೆ, ಪರಿಹಾರವೂ ಬರಬಹುದು. ಅದೇ ನನಗೆ ಬೇಡವಾಗಿದ್ದು. ಪರಿಹಾರ ಸಿಕ್ಕಿಬಿಟ್ಟರೆ ಸಹಿ ಹಾಕಬೇಕಾಗುತ್ತಲ್ಲ!

ಏಪ್ರಿಲ್ ಬಂತು. ಅವಳು ಒಬ್ಬಳೇ ಹೋದಳು. ಪುಟ್ಟಿ ನನ್ನ ಜೊತೆ ಇರಲಿ ಅಂದೆ. ಹಗಲೆಲ್ಲ ಯಾರು ನೋಡ್ಕೋತಾರೆ ಅಂತ ಕೇಳಿದ್ದಕ್ಕೆ ನನ್ನ ಹತ್ರ ಉತ್ತರ ಇರಲಿಲ್ಲ. ಹಾಸನದಲ್ಲಿ ಅಜ್ಜಿ ಮನೆಗೆ ಬಿಟ್ಟರು. ಶನಿವಾರ ಬೆಳಿಗ್ಗೆ ಬಸ್ ಹತ್ತಿ ನಾನು ಹೋಗಿಬರ್ತಿದ್ದೆ.

ಎರಡನೇ ವಾರ ಅನ್ಸುತ್ತೆ. ರಾತ್ರಿ ಅಜ್ಜಿಯ ಫೋನಿಂದ ಪುಟ್ಟಿ ಕಾಲ್ ಮಾಡಿದಳು. ಅಮ್ಮ ಟ್ಯುಲಿಪ್ ಹೂವಿನ ವಿಡಿಯೋ ಕಳಿಸಿದ್ದನ್ನ ಹೇಳಿದಳು. ಆಮೇಲೆ, ‘ಅಪ್ಪಾ, ನಂಗೆ ಪಾಸ್‌ಪೋರ್ಟ್ ಇಲ್ವಂತೆ. ಅಮ್ಮಂಗಿದೆ, ನಿಂಗಿದೆ. ನಂಗ್ಯಾಕಿಲ್ಲ?’

ನನ್ನ ಬಾಯಿಂದ ಏನು ಬಂತು ಗೊತ್ತಾ? ‘ಮಾಡ್ಸೋಣ ಪುಟ್ಟಿ, ನೋಡೋಣ.’

‘ಹೂಂ’ ಅಂದಳು. ಮಕ್ಕಳಿಗೆ ಆ ಪದದ ಅರ್ಥ ಎಷ್ಟು ಬೇಗ ಗೊತ್ತಾಗುತ್ತೆ ಅನ್ನೋದು ಆ ‘ಹೂಂ’ನಲ್ಲಿತ್ತು. ಎರಡು ತಿಂಗಳು ಅವಳು ಅಮ್ಮನೂ ಇಲ್ಲದೆ, ಅಪ್ಪನೂ ಇಲ್ಲದೆ ಇದ್ದಳು. ಅವಳು ನನ್ನಿಂದ ದೂರ ಆಗಬಾರದು ಅಂತ ನಾನು ಮಾಡಿದ ವ್ಯವಸ್ಥೆ ಅದು.

ಮರುದಿನ ನಮ್ಮ ವಕೀಲರಿಗೆ ಫೋನ್ ಮಾಡಿದೆ. ಅವರಿಗೆ ಆಶ್ಚರ್ಯ ಆಯ್ತು. ‘ಸಹಿ ಹಾಕ್ತೀರಾ? ನಮ್ಮ ಕೇಸಿಗೆ ಅದು ಒಳ್ಳೇ ಪಾಯಿಂಟ್ ಇತ್ತಲ್ಲ ಸಾರ್’ ಅಂದರು. ಅವರ ಕೆಲಸ ಅವರು ಮಾಡ್ತಿದ್ದರು. ಜೂನ್‌ನಲ್ಲಿ ಮೀಡಿಯೇಷನ್ ಇಟ್ಟರು. ಅಲ್ಲಿ ಆಡಿದ ಮಾತು ಹೊರಗೆ ಬರೆಯೋ ಹಾಗಿಲ್ಲ, ಬರೆಯಲ್ಲ. ಆದದ್ದು ಇಷ್ಟು. ಪಾಸ್‌ಪೋರ್ಟ್ ಮಾಡಿಸೋದು, ಅಮ್ಮನ ಹತ್ರ ಇರೋದು. ದೇಶ ಬಿಡೋ ಮೊದಲು ದಿನಾಂಕ, ವಿಳಾಸ, ವಾಪಸ್ ಟಿಕೆಟ್ಟಿನ ಪ್ರತಿ ನನಗೆ ಕೊಟ್ಟು, ಕೋರ್ಟಿನ ಅನುಮತಿ ತಗೊಳ್ಳೋದು. ಹೋದ ಕಡೆಯಿಂದ ದಿನಾ ಒಂದು ಕಾಲ್. ಜಡ್ಜು ಅದನ್ನೇ ಆದೇಶದಲ್ಲಿ ಬರೆದರು. ಕಸ್ಟಡಿ ಕೇಸು ಹಾಗೇ ಇದೆ, ಅದು ಬೇರೆ.

ಬರೆಯಬಹುದಾದದ್ದು ಕಾರಿಡಾರಿನಲ್ಲಿ ನಡೆದ ಮಾತು. ಬೆಂಚಿನ ಆ ತುದಿಯಲ್ಲಿ ಅವಳು, ಈ ತುದಿಯಲ್ಲಿ ನಾನು. ಮಧ್ಯೆ ಯಾರದ್ದೋ ಟಿಫನ್ ಬ್ಯಾಗು. ನಾನು ಹೇಳಿದೆ, ‘ನೀನು ಅಲ್ಲೇ ಉಳಿದುಬಿಡ್ತೀಯ ಅಂತ ಭಯ ಆಗಿತ್ತು.’

ಅವಳು ಸ್ವಲ್ಪ ಹೊತ್ತು ನೆಲ ನೋಡ್ತಾ ಇದ್ದಳು. ‘ಏಳು ತಿಂಗಳಲ್ಲಿ ಒಂದ್ಸಲ ಆದ್ರೂ ಇದನ್ನ ಕೇಳಿದ್ಯಾ ನೀನು?’

ಕೇಳಿದ್ದರೆ ಏನು ಹೇಳ್ತಿದ್ದಳೋ. ‘ಉಳಿಯಲ್ಲ’ ಅಂದಿದ್ದರೆ ನಾನು ನಂಬ್ತಿದ್ದೆನೋ ಇಲ್ಲವೋ. ಅದು ಈಗ ಗೊತ್ತಾಗೋ ವಿಷಯ ಅಲ್ಲ.

ಜುಲೈನಲ್ಲಿ ಒಂದು ಬುಧವಾರ ಪಾಸ್‌ಪೋರ್ಟ್ ಸೇವಾ ಕೇಂದ್ರಕ್ಕೆ ಮೂವರೂ ಹೋದೆವು. ಅನೆಕ್ಶರ್ ಡಿ ಹೊಸದಾಗಿ ಪ್ರಿಂಟ್ ಹಾಕಿಸಿದ್ದೆ, ಜೊತೆಗೆ ಕೋರ್ಟಿನ ಆದೇಶದ ಪ್ರತಿ. ಟೋಕನ್ ನಂಬರ್ ಬೋರ್ಡಿನಲ್ಲಿ ಬರೋವರೆಗೂ ಪುಟ್ಟಿ ನಮ್ಮಿಬ್ಬರ ಮಧ್ಯೆ ಕೂತು ಕಾಲು ಆಡಿಸ್ತಾ ಇದ್ದಳು. ಮೂವರೂ ಒಟ್ಟಿಗೆ ಒಂದು ಸಾಲಿನಲ್ಲಿ ಕೂತು ಎರಡು ವರ್ಷದ ಮೇಲಾಗಿತ್ತು. ಅವಳಿಗೆ ಅದೊಂದು ಹಬ್ಬ. ಕೌಂಟರಿನ ಹುಡುಗಿ ಕ್ಯಾಮೆರಾ ಕಡೆ ನೋಡು ಅಂದಾಗ ಬಿಟ್ಟುಹೋದ ಹಲ್ಲು ಕಾಣೋ ಹಾಗೆ ನಕ್ಕುಬಿಟ್ಟಳು. ‘ನಗಬಾರದಮ್ಮ, ಬಾಯಿ ಮುಚ್ಚು’ ಅಂತ ಮತ್ತೆ ತೆಗೆದರು. ಎರಡನೇದರಲ್ಲೂ ನಗು ಪೂರ್ತಿ ಹೋಗಿರಲಿಲ್ಲ.

ನಾನು ಸಹಿ ಹಾಕಿದೆ. ಹಾಕೋವಾಗ ಕೈ ನಡುಗಿತು ಅಂತೆಲ್ಲ ಬರೆಯಬಹುದು, ನಡುಗಲಿಲ್ಲ. ಅಪ್ಪನಿಗೆ ಆ ಸಾಲು ಬಿಟ್ಟುಕೊಡೋವಾಗ ಹೇಗನ್ನಿಸಿರಬಹುದು ಅಂತ ಒಂದು ಕ್ಷಣ ಅನ್ನಿಸಿತು. ಅಮ್ಮನಿಗೆ ಇನ್ನೂ ಹೇಳಿಲ್ಲ.

ಭಯ ಹೋಗಿದೆಯಾ? ಇಲ್ಲ. ಪಾಸ್‌ಪೋರ್ಟ್ ಬಂದ ದಿನ ಅವಳು ಅದರ ಫೋಟೋ ಕಳಿಸಿದಳು. ಆವತ್ತು ರಾತ್ರಿ ಮತ್ತೆ ನಿದ್ದೆ ಬರಲಿಲ್ಲ.

ಮೊನ್ನೆ ಮತ್ತೊಂದು ಮೆಸೇಜು. ‘ದಸರಾ ರಜೆಗೆ ಹತ್ತು ದಿನ ಹೋಗಿಬರೋಣ ಅಂತ. ಟಿಕೆಟ್ ನೋಡ್ತಿದೀನಿ, ಕೋರ್ಟಿಗೆ ಅರ್ಜಿ ಹಾಕ್ಬೇಕು. ಏನಂತೀಯ?’

‘ನೋ’ ಅಂತ ಟೈಪ್ ಮಾಡಿದ್ದೆ. ಕೀಬೋರ್ಡು ತಾನಾಗೇ ‘ನೋಡೋಣ’ ಅಂತ ತೋರಿಸ್ತು. ಅಳಿಸಿದೆ. ಅರ್ಧ ಗಂಟೆ ಕೂತು ಉದ್ದ ಬರೆದೆ. ಹೋಗೋ ದಿನ, ಬರೋ ದಿನ, ಉಳಿಯೋ ಮನೆಯ ವಿಳಾಸ ಕೇಳಿದೆ. ಅಲ್ಲಿ ಚಳಿ ಶುರುವಾಗಿರುತ್ತೆ, ಅವಳಿಗೆ ಕಿವಿ ನೋವು ಬೇಗ ಬರುತ್ತೆ ಅಂತ ನೆನಪು ಮಾಡಿದೆ. ಭಯ ಇನ್ನೂ ಇದೆ, ಆದರೂ ನನ್ನ ಒಪ್ಪಿಗೆ ಇದೆ ಅಂತ ಕೊನೆಗೆ ಬರೆದೆ. ಆಯುಧಪೂಜೆ ದಿನ ಅಜ್ಜಿ ಊರಲ್ಲಿ ಕಾಯ್ತಾ ಇರ್ತಾಳೆ, ಅಷ್ಟರೊಳಗೆ ಬರೋಕೆ ಆಗುತ್ತಾ ಅಂತ ಕೇಳಿದೆ.

ಕಳಿಸಿದೆ. ಎರಡು ನೀಲಿ ಗೆರೆ ಬಿದ್ದಿದೆ. ಉತ್ತರ ಇನ್ನೂ ಬಂದಿಲ್ಲ.